ವಾಗ್ನರ್ ಇದ್ದಾನೆ, ಅವನ ಸಂಗೀತ ಇಲ್ಲ

1913ರಲ್ಲಿ ಬರ್ಲಿನ್‌ನ ಒಂದು ಕಂಪನಿ ಜರ್ಮನಿಯ ಒಪೆರಾ ಸಂಗೀತಗಾರ ರಿಚರ್ಡ್ ವಾಗ್ನರನ ಜೀವನದ ಮೇಲೆ ಸಿನಿಮಾ ಮಾಡಿತು. ಅದರಲ್ಲಿ ವಾಗ್ನರ್ ಇದ್ದಾನೆ, ಅವನ ಇಬ್ಬರು ಹೆಂಡತಿಯರಿದ್ದಾರೆ, ಅವನ ಸಾಲ ತೀರಿಸಿದ ರಾಜ ಇದ್ದಾನೆ. ವಾಗ್ನರನ ಸಂಗೀತ ಮಾತ್ರ ಇಲ್ಲ.

ಮೂಕಿ ಚಿತ್ರ ಅಲ್ವಾ, ಸಂಗೀತ ಎಲ್ಲಿಂದ ಬರಬೇಕು ಎಂದು ನೀವು ಕೇಳಬಹುದು. ಆದರೆ ಮೂಕಿ ಚಿತ್ರಗಳು ಮೂಕವಾಗಿದ್ದದ್ದು ಫಿಲ್ಮಿನ ಮೇಲಷ್ಟೇ. ಥಿಯೇಟರ್ ತುಂಬಾ ಸದ್ದಿರುತ್ತಿತ್ತು. ಸಣ್ಣ ಜಾಗವಾದರೆ ಪರದೆ ಪಕ್ಕದಲ್ಲಿ ಒಬ್ಬ ಪಿಯಾನೋ ಮುಂದೆ ಕೂತಿರುತ್ತಿದ್ದ. ದೊಡ್ಡ ಊರಿನ ದೊಡ್ಡ ಥಿಯೇಟರ್ ಆದರೆ ಪೂರ್ತಿ ಆರ್ಕೆಸ್ಟ್ರಾ. ಹಾಗಿರುವಾಗ ವಾಗ್ನರನ ಕಥೆಗೆ ವಾಗ್ನರನದೇ ಸಂಗೀತ ನುಡಿಸೋಣ ಅನ್ನುವುದು ಯಾರಿಗಾದರೂ ಹೊಳೆಯುವ ಮಾತು. ನಿರ್ಮಾಪಕ ಓಸ್ಕರ್ ಮೆಸ್ಟರ್‌ಗೂ ಹೊಳೆದಿತ್ತು. ಆದರೆ ಬೈರಾಯ್ಟ್ ಊರಿನಲ್ಲಿದ್ದ ವಾಗ್ನರ್ ಮನೆಯವರು ಅದಕ್ಕೆ ಕೇಳಿದ ದುಡ್ಡು ಒಂದು ಸಿನಿಮಾ ಕಂಪನಿಯ ಕೈಗೆ ಎಟುಕುವಂಥದ್ದಾಗಿರಲಿಲ್ಲ.

ಮೆಸ್ಟರ್ ಹೊಸಬನೇನಲ್ಲ. ಜರ್ಮನಿಯಲ್ಲಿ ಸಿನಿಮಾ ಉದ್ಯಮ ಕಟ್ಟಿದ ಮೊದಲಿಗರಲ್ಲಿ ಒಬ್ಬ. ಪ್ರೊಜೆಕ್ಟರ್‌ಗಳನ್ನು ಸ್ವತಃ ತಯಾರಿಸಿ ಮಾರುತ್ತಿದ್ದವನು. 1903ರಿಂದಲೇ ಗ್ರಾಮಫೋನ್ ತಟ್ಟೆಯನ್ನೂ ಫಿಲ್ಮನ್ನೂ ಒಟ್ಟಿಗೆ ಓಡಿಸಿ, ಹಾಡುವ ಪುಟ್ಟ ಚಿತ್ರಗಳನ್ನು ತೋರಿಸುತ್ತಿದ್ದ. ತಟ್ಟೆಯ ಒಂದು ಮುಖದಲ್ಲಿ ಎಷ್ಟು ಹಾಡು ಹಿಡಿಯುತ್ತದೋ ಚಿತ್ರ ಅಷ್ಟೇ ಉದ್ದ, ಮೂರೋ ನಾಲ್ಕೋ ನಿಮಿಷ. ಒಂದು ಗಂಟೆಗೂ ಮೀರಿದ ಜೀವನಚಿತ್ರಕ್ಕೆ ಆ ಉಪಾಯ ನಡೆಯುವುದಿಲ್ಲ. ಹಾಗಾಗಿ ಥಿಯೇಟರಿನ ಆರ್ಕೆಸ್ಟ್ರಾವನ್ನೇ ನಂಬಬೇಕು. ಆ ಆರ್ಕೆಸ್ಟ್ರಾ ಏನು ನುಡಿಸಬೇಕು ಅನ್ನುವುದೇ ತೊಡಕು.

ತಮಾಷೆ ಏನೆಂದರೆ, ಮೆಸ್ಟರ್ ಇನ್ನು ಕೆಲವೇ ತಿಂಗಳು ಕಾದಿದ್ದರೆ ಅಷ್ಟೂ ಸಂಗೀತ ಪುಕ್ಕಟೆ ಸಿಗುತ್ತಿತ್ತು. ಆಗಿನ ಜರ್ಮನ್ ಕಾನೂನಿನ ಪ್ರಕಾರ ಕೃತಿಯ ಹಕ್ಕು ಬರೆದವನು ಸತ್ತ 30 ವರ್ಷಕ್ಕೆ ಮುಗಿಯುತ್ತಿತ್ತು. ವಾಗ್ನರ್ ಸತ್ತದ್ದು 1883ರ ಫೆಬ್ರವರಿಯಲ್ಲಿ, ವೆನಿಸ್‌ನಲ್ಲಿ. ಅಂದರೆ 1914ರ ಜನವರಿ 1ರಿಂದ ಅವನ ಸಂಗೀತ ಎಲ್ಲರದು. ಆದರೆ ಅವನು ಹುಟ್ಟಿದ್ದು 1813ರ ಮೇ 22ರಂದು, ಲೈಪ್‌ಜಿಗ್‌ನಲ್ಲಿ. ಶತಮಾನೋತ್ಸವದ ಗದ್ದಲ ಇದ್ದದ್ದು 1913ರಲ್ಲಿ. ಎಲ್ಲ ಪತ್ರಿಕೆಗಳಲ್ಲಿ ಅವನ ಹೆಸರು, ಎಲ್ಲ ಊರಿನಲ್ಲಿ ಕಾರ್ಯಕ್ರಮ. ಆ ಗಾಳಿಯಲ್ಲಿ ತೂರಿಕೊಳ್ಳದ ನಿರ್ಮಾಪಕ ಇದ್ದಾನೆಯೇ? ಹುಟ್ಟಿದ ಲೆಕ್ಕ ಸಿನಿಮಾ ಮಾಡಲು ಅವಸರ ಮಾಡಿತು, ಸತ್ತ ಲೆಕ್ಕ ಸಂಗೀತಕ್ಕೆ ಬೀಗ ಹಾಕಿಟ್ಟಿತ್ತು.

ಆ ಬೀಗದ ಕೈ ಇದ್ದದ್ದು ಕೋಸಿಮಾ ಬಳಿ. ವಾಗ್ನರನ ಎರಡನೇ ಹೆಂಡತಿ, ಸಂಗೀತಗಾರ ಫ್ರಾನ್ಸ್ ಲಿಸ್ಟ್‌ನ ಮಗಳು. ಗಂಡ ಹೋದ ಮೇಲೆ ಅವನ ಒಪೆರಾಗಳನ್ನು ಆಡುವ ಬೈರಾಯ್ಟ್ ಉತ್ಸವವನ್ನು ದಶಕಗಳ ಕಾಲ ನಡೆಸಿದ ಗಟ್ಟಿಗಿತ್ತಿ. ಹಕ್ಕಿನ ಅವಧಿಯನ್ನು 30ರಿಂದ 50 ವರ್ಷಕ್ಕೆ ಏರಿಸಿ ಎಂದು 1901ರಲ್ಲಿ ಜರ್ಮನ್ ಸಂಸತ್ತಿಗೇ ಮನವಿ ಮಾಡಿದ್ದಳು. ಸಂಸತ್ತು ಒಪ್ಪಲಿಲ್ಲ. ಅವಳ ಚಿಂತೆಯೆಲ್ಲ ಹೆಚ್ಚಾಗಿ ಗಂಡನ ಕೊನೆಯ ಒಪೆರಾ 'ಪಾರ್ಸಿಫಾಲ್' ಬಗ್ಗೆ. ಅದನ್ನು ಬೈರಾಯ್ಟ್ ಬಿಟ್ಟು ಬೇರೆಲ್ಲೂ ಆಡಬಾರದು ಎನ್ನುವುದು ವಾಗ್ನರನ ಆಸೆ. ನ್ಯೂಯಾರ್ಕಿನವರು 1903ರಲ್ಲೇ ಅದನ್ನು ಮುರಿದಿದ್ದರು. ಯುರೋಪಿನ ಉಳಿದ ಒಪೆರಾ ಮಂದಿರಗಳು 1914ರ ಮೊದಲ ದಿನಕ್ಕಾಗಿ ತುದಿಗಾಲಲ್ಲಿ ನಿಂತಿದ್ದವು. ಬಾರ್ಸಿಲೋನಾದವರಿಗೆ ಅಷ್ಟೂ ತಡೆಯಲಾಗಲಿಲ್ಲ. ಡಿಸೆಂಬರ್ 31ರ ರಾತ್ರಿ, ಹನ್ನೆರಡು ಹೊಡೆಯುವ ಮುಂಚೆಯೇ ಪರದೆ ಎತ್ತಿಬಿಟ್ಟರು. ಕಾಪಿರೈಟ್ ಮುಗಿಯುವ ಗಳಿಗೆಗೆ ಇಷ್ಟು ಜನ ಗಡಿಯಾರ ನೋಡುತ್ತಾ ಕೂತ ಉದಾಹರಣೆ ಇನ್ನೊಂದು ನನಗೆ ಗೊತ್ತಿಲ್ಲ.

ಇಂಥ ಮನೆಯ ಬಾಗಿಲಿಗೆ ಸಿನಿಮಾದವರು ಹೋದರೆ ಏನಾಗುತ್ತದೆ ಹೇಳಿ. 1913ರಲ್ಲಿ ಸಿನಿಮಾ ಅಂದರೆ ಇನ್ನೂ ಜಾತ್ರೆಯ ಆಟದಿಂದ ಆಗಷ್ಟೇ ಮೇಲೆದ್ದ ಸರಕು.

ಈಗ ಜುಸೆಪ್ಪೆ ಬೆಚ್ಚೆ ಕಥೆಗೆ ಬರುತ್ತಾನೆ. ನಿಜ ಹೇಳಬೇಕೆಂದರೆ ನಾನು ಇದನ್ನು ಬರೆಯಲು ಕೂತದ್ದೇ ಅವನಿಗಾಗಿ. ಇಟಲಿಯ ವಿಚೆಂಜಾ ಹತ್ತಿರದ ಲೊನಿಗೊದಲ್ಲಿ 1877ರಲ್ಲಿ ಹುಟ್ಟಿದವನು. ಬರ್ಲಿನ್‌ಗೆ ಬಂದು ಸಂಗೀತದಲ್ಲಿ ಬದುಕು ಕಟ್ಟಿಕೊಳ್ಳುತ್ತಿದ್ದ. ಸಿನಿಮಾಕ್ಕೆ ಸಂಗೀತ ಹೊಂದಿಸುವ ಕೆಲಸ ಅವನಿಗೆ ಬಂತು. ನೋಡಿದರೆ ಅವನ ಮುಖವೂ ವಾಗ್ನರನ ಮುಖದ ಹಾಗೇ ಇತ್ತು. ಅದೇ ಅಗಲ ಹಣೆ, ಅದೇ ಮುಂದೆ ಚಾಚಿದ ಗದ್ದ. ಟೋಪಿ ಇಟ್ಟು ಪಕ್ಕದಿಂದ ನೋಡಿದರೆ ಫೋಟೋದಲ್ಲಿರುವ ವಾಗ್ನರನೇ. ನಟನನ್ನು ಹುಡುಕುವ ತೊಂದರೆ ತಪ್ಪಿತು. ಮೂವತ್ತಾರರ ಬೆಚ್ಚೆ ವಾಗ್ನರನ ಪಾತ್ರವನ್ನೂ ಮಾಡಿದ, ಅದೇ ವಾಗ್ನರನದಲ್ಲದ ಸಂಗೀತವನ್ನೂ ಜೋಡಿಸಿಕೊಟ್ಟ. ಹಕ್ಕಿನ ಕಾಟವಿಲ್ಲದ ಹಳಬರ ತುಣುಕುಗಳನ್ನು ಆರಿಸಿದ, ನಡುವೆ ತನ್ನದೇ ರಚನೆಗಳನ್ನು ಹಾಕಿದ. ಕೇಳುವವರಿಗೆ ವಾಗ್ನರನ ನೆನಪಾಗಬೇಕು, ಕೋರ್ಟಿಗೆ ಹೋದರೆ ವಾಗ್ನರನದು ಎನ್ನಲು ಬರಬಾರದು. ಎಂಥ ಪೇಚಿನ ಕೆಲಸ ನೋಡಿ.

ಚಿತ್ರವನ್ನು ನಿರ್ದೇಶಿಸಿದವರು ಕಾರ್ಲ್ ಫ್ರೋಲಿಖ್ ಮತ್ತು ವಿಲಿಯಂ ವಾವರ್. ಬಾಲ್ಯದಿಂದ ವೆನಿಸ್‌ನ ಸಾವಿನವರೆಗೆ ಇಡೀ ಬದುಕನ್ನು ಹೇಳಲು ಹೊರಟಿದ್ದಾರೆ. ಚಿತ್ರವಾಗಿ ಅದು ಅಷ್ಟೇನೂ ದೊಡ್ಡದಲ್ಲ ಎನ್ನುವುದು ನನ್ನ ಅನಿಸಿಕೆ. ಕ್ಯಾಮೆರಾ ನಾಟಕದ ಮೊದಲ ಸಾಲಿನ ಪ್ರೇಕ್ಷಕನಂತೆ ಕೂತಲ್ಲೇ ಕೂತಿದೆ. ಪಾತ್ರಗಳು ಒಂದು ಬದಿಯಿಂದ ಬರುತ್ತಾರೆ, ಕೈಯೆತ್ತಿ ಏನೋ ಹೇಳುತ್ತಾರೆ, ಇನ್ನೊಂದು ಬದಿಯಿಂದ ಹೋಗುತ್ತಾರೆ. ಏನಾಗಲಿದೆ ಎಂದು ನಡುನಡುವೆ ಬರುವ ಬರಹ ಮೊದಲೇ ಹೇಳಿಬಿಡುತ್ತದೆ. ಆಮೇಲೆ ಅದು ಆಗುತ್ತದೆ. ಅವತ್ತಿನ ಕ್ರಮವೇ ಅದು, ದೂರುವುದಕ್ಕೇನಿಲ್ಲ. ನಮ್ಮ ದೇಶದಲ್ಲಿ ಫಾಲ್ಕೆಯವರ 'ರಾಜಾ ಹರಿಶ್ಚಂದ್ರ' ತೆರೆಗೆ ಬಂದದ್ದೂ ಅದೇ 1913ರಲ್ಲಿ. ಎಲ್ಲರೂ ಆಗಿನ್ನೂ ಕಲಿಯುತ್ತಿದ್ದರು.

ನೋಡುತ್ತಾ ನನ್ನನ್ನು ಹಿಡಿದು ನಿಲ್ಲಿಸಿದ ಪ್ರಶ್ನೆ ಬೇರೆ. ಒಬ್ಬ ಮನುಷ್ಯ ಸಂಗೀತ ರಚಿಸುತ್ತಿದ್ದಾನೆ ಎಂದು ಸದ್ದಿಲ್ಲದೆ ತೋರಿಸುವುದು ಹೇಗೆ? ಚಿತ್ರಕಾರನಾದರೆ ಕ್ಯಾನ್ವಾಸ್ ತೋರಿಸಬಹುದು. ಶಿಲ್ಪಿಯಾದರೆ ಕಲ್ಲಿನಿಂದ ಮುಖ ಮೂಡುತ್ತದೆ. ಸಂಗೀತ ಬರೆಯುವವನು ಮೇಜಿನ ಮುಂದೆ ಕೂತು ಕಾಗದದ ಮೇಲೆ ಚುಕ್ಕೆ ಇಡುತ್ತಾನೆ, ಅಷ್ಟೇ. ಲೆಕ್ಕ ಬರೆಯುವ ಗುಮಾಸ್ತನಿಗೂ ಅವನಿಗೂ ನೋಡಲು ವ್ಯತ್ಯಾಸವಿಲ್ಲ. ಹಾಗಾಗಿ ಬೆಚ್ಚೆ ಹಣೆಗೆ ಕೈ ಹಚ್ಚುತ್ತಾನೆ, ಮೇಲೆ ನೋಡುತ್ತಾನೆ, ಗಾಳಿಯಲ್ಲಿ ಕೈಯಾಡಿಸುತ್ತಾನೆ. ಟಾಕಿ ಬಂದ ಮೇಲೆ ಈ ಕಷ್ಟವೇ ಉಳಿಯಲಿಲ್ಲ. ನಟ ಪಿಯಾನೋ ಮೇಲೆ ಬೆರಳಿಟ್ಟರೆ ಸಾಕು, ಉಳಿದದ್ದನ್ನು ಸೌಂಡ್‌ಟ್ರ್ಯಾಕ್ ನೋಡಿಕೊಳ್ಳುತ್ತದೆ. 1960ರ 'ಭಕ್ತ ಕನಕದಾಸ'ದಿಂದ 'ಬಾಗಿಲನು ತೆರೆದು' ಹಾಡನ್ನು ಕಿತ್ತು ತೆಗೆದು ಆ ದೃಶ್ಯವನ್ನು ಯೋಚಿಸಿ ನೋಡಿ. ರಾಜ್‌ಕುಮಾರ್ ಮುಖ ಇದ್ದೇ ಇರುತ್ತದೆ, ಅಭಿನಯವೂ ಇರುತ್ತದೆ. ಆದರೆ ನಮ್ಮ ಕಣ್ಣು ಒದ್ದೆಯಾದದ್ದು ಪಿ.ಬಿ. ಶ್ರೀನಿವಾಸ್ ದನಿಗೆ. ದಾಸರನ್ನು ನಂಬಿಸಿದ್ದು ಆ ಹಾಡು.

ಮೂಕಿ ಚಿತ್ರಕ್ಕೆ ಆ ಆಸರೆ ಇಲ್ಲ. ಆಗ ಸಂಗೀತಗಾರನ ಬದುಕಿನಲ್ಲಿ ಸಂಗೀತ ಬಿಟ್ಟು ಉಳಿದದ್ದನ್ನೆಲ್ಲ ತೋರಿಸಬೇಕು. ಈ ದೃಷ್ಟಿಯಿಂದ ವಾಗ್ನರ್ ಒಳ್ಳೆಯ ಆಯ್ಕೆ. ಅವನಷ್ಟು ಸಾಲ ಮಾಡಿದ, ಅವನಷ್ಟು ಓಡಿಹೋದ ಸಂಗೀತಗಾರ ಬಹುಶಃ ಇನ್ನೊಬ್ಬನಿಲ್ಲ. 1839ರಲ್ಲಿ ರೀಗಾದಲ್ಲಿ ಸಾಲ ಕೊಟ್ಟವರು ಬೆನ್ನುಹತ್ತಿದರು. ಪಾಸ್‌ಪೋರ್ಟ್ ಕೈಯಲ್ಲಿಲ್ಲ. ಮೊದಲ ಹೆಂಡತಿ ಮಿನ್ನಾ ಮತ್ತು ರಾಬರ್ ಎಂಬ ದೈತ್ಯ ನಾಯಿಯನ್ನು ಕಟ್ಟಿಕೊಂಡು ರಾತ್ರಿಯಲ್ಲಿ ರಷ್ಯಾದ ಗಡಿ ದಾಟಿದ. ಅಲ್ಲಿಂದ ಸರಕು ಹಡಗಿನಲ್ಲಿ ಲಂಡನ್ ಕಡೆಗೆ. ದಾರಿಯಲ್ಲಿ ಬಿರುಗಾಳಿ. ಆ ಸಮುದ್ರದ ಅನುಭವದಿಂದಲೇ 'ಫ್ಲೈಯಿಂಗ್ ಡಚ್‌ಮನ್' ಒಪೆರಾ ಹುಟ್ಟಿತು ಎಂದು ಅವನೇ ಹೇಳಿಕೊಂಡಿದ್ದಾನೆ. ಆಮೇಲೆ ಪ್ಯಾರಿಸ್‌ನಲ್ಲಿ ಹಸಿವು. ಡ್ರೆಸ್ಡೆನ್‌ನಲ್ಲಿ 1842ರಲ್ಲಿ 'ರಿಯೆಂಜಿ' ಒಪೆರಾದ ಗೆಲುವು, ಒಳ್ಳೆಯ ಸರಕಾರಿ ಕೆಲಸ. 1849ರ ಮೇ ತಿಂಗಳ ದಂಗೆಯಲ್ಲಿ ಸೇರಿಕೊಂಡು ಅದನ್ನೂ ಕಳೆದುಕೊಂಡ. ವಾರಂಟ್ ಹೊರಟಿತು, ಸ್ವಿಟ್ಜರ್ಲೆಂಡ್‌ಗೆ ಓಟ. ಜೂರಿಕ್‌ನಲ್ಲಿ ತನಗೆ ಆಶ್ರಯ ಕೊಟ್ಟ ವ್ಯಾಪಾರಿಯ ಹೆಂಡತಿ ಮಟಿಲ್ಡಾ ವೇಸೆನ್‌ಡೋಂಕ್ ಮೇಲೆ ಪ್ರೀತಿ, ಅದರಿಂದ 'ಟ್ರಿಸ್ಟಾನ್' ಒಪೆರಾ, ಅದರಿಂದಲೇ ಮಿನ್ನಾ ಜೊತೆ ಮುರಿದ ಸಂಸಾರ. ಚಿತ್ರಕಥೆ ಬರೆಯುವವನಿಗೆ ಇನ್ನೇನು ಬೇಕು?

ಇದೆಲ್ಲದರ ಮೇಲೆ ಕಿರೀಟ ಇಟ್ಟ ಹಾಗೆ 1864. ಬವೇರಿಯಾದ ಸಿಂಹಾಸನ ಏರಿದ ಹದಿನೆಂಟರ ಹುಡುಗ ಎರಡನೇ ಲುಡ್ವಿಗ್ ಮಾಡಿದ ಮೊದಲ ಕೆಲಸಗಳಲ್ಲಿ ಒಂದು ವಾಗ್ನರನನ್ನು ಹುಡುಕಿಸಿದ್ದು. ಸಾಲ ಕೊಟ್ಟವರಿಂದ ತಲೆ ತಪ್ಪಿಸಿಕೊಂಡಿದ್ದವನನ್ನು ರಾಜನ ಕಾರ್ಯದರ್ಶಿ ಸ್ಟುಟ್‌ಗಾರ್ಟ್‌ನಲ್ಲಿ ಪತ್ತೆಹಚ್ಚಿದ. ಬಾಗಿಲು ತಟ್ಟಿದಾಗ ಸಾಲ ಕೊಟ್ಟ ಮತ್ತೊಬ್ಬ ಬಂದ ಎಂದೇ ವಾಗ್ನರನಿಗೆ ಅನಿಸಿರಬೇಕು. ರಾಜ ಸಾಲ ತೀರಿಸಿದ, ಮನೆ ಕೊಟ್ಟ, ಮುಂದೆ ಬೈರಾಯ್ಟ್ ರಂಗಮಂದಿರ ನಿಂತುಹೋಗುವ ಹಂತಕ್ಕೆ ಬಂದಾಗ 1874ರಲ್ಲಿ ಒಂದು ಲಕ್ಷ ಥಾಲರ್ ಸಾಲವನ್ನೂ ಕೊಟ್ಟ.

ರಾಜ ಮತ್ತು ಜರ್ಮನ್ ಸಂಗೀತ ಅಂದ ಕೂಡಲೇ ಮೈಸೂರಿನವರಿಗೆ ಬೇರೊಂದು ಹೆಸರು ನೆನಪಾಗಬೇಕು. ಜಯಚಾಮರಾಜ ಒಡೆಯರ್. ರಿಚರ್ಡ್ ಸ್ಟ್ರಾಸ್‌ನ ಕೊನೆಯ ನಾಲ್ಕು ಹಾಡುಗಳು ಮೊದಲ ಬಾರಿ ಕೇಳಿಬಂದದ್ದು ಲಂಡನ್‌ನ ರಾಯಲ್ ಆಲ್ಬರ್ಟ್ ಹಾಲ್‌ನಲ್ಲಿ, 1950ರ ಮೇ 22ರಂದು. ಹಾಡಿದ್ದು ಕಿರ್ಸ್‌ಟನ್ ಫ್ಲಾಗ್‌ಸ್ಟಾಡ್, ಆರ್ಕೆಸ್ಟ್ರಾ ನಡೆಸಿದ್ದು ಫುರ್ಟ್‌ವೆಂಗ್ಲರ್. ಆ ಕಛೇರಿಯ ಖರ್ಚಿಗೆ ಹೊಣೆ ನಿಂತವರು ನಮ್ಮ ಮಹಾರಾಜರು. ಅವರು ಮೈಸೂರಿನಲ್ಲೇ ಕೇಳಲಿ ಎಂದು ಅದನ್ನು ಧ್ವನಿಮುದ್ರಿಸಿದರು. ಅವತ್ತು ವಾಗ್ನರನ ರಚನೆಗಳೂ ಇದ್ದವು, ಮತ್ತು ಆ ದಿನ ವಾಗ್ನರನ ಹುಟ್ಟುಹಬ್ಬ. ರಷ್ಯಾದ ಸಂಗೀತಗಾರ ಮೆಟ್ನರ್ ತನ್ನ ಮೂರನೇ ಪಿಯಾನೋ ಕಾನ್ಚೆರ್ಟೋವನ್ನು ಇದೇ ಮಹಾರಾಜರಿಗೆ ಅರ್ಪಿಸಿದ. ಲುಡ್ವಿಗ್‌ಗೂ ಇವರಿಗೂ ಒಂದು ದೊಡ್ಡ ವ್ಯತ್ಯಾಸವಿದೆ. ಇವರು ಸ್ವತಃ 94 ಕೃತಿಗಳನ್ನು ರಚಿಸಿದ ವಾಗ್ಗೇಯಕಾರರು. ಈ ಕಥೆಯನ್ನು ಯಾರಾದರೂ ಸಿನಿಮಾ ಮಾಡಬಾರದೇ ಎಂದು ಆಗಾಗ ಅನಿಸುತ್ತದೆ. ಇರಲಿ, ದಾರಿ ತಪ್ಪಿದೆ.

ವಾಗ್ನರ್ ಚಿತ್ರಕ್ಕೆ ವಾಪಸ್ ಬಂದರೆ, ಅದರ ದೊಡ್ಡ ದೋಷ ಅತಿಯಾದ ಭಕ್ತಿ. ಕೋಸಿಮಾ ಬದುಕಿದ್ದಳು. 1930ರವರೆಗೂ ಬದುಕಿದ್ದಳು. ವಾಗ್ನರ್ ಜೊತೆ ಅವಳ ಸಂಬಂಧ ಶುರುವಾದಾಗ ಅವಳು ಹಾನ್ಸ್ ಫಾನ್ ಬ್ಯೂಲೋವ್‌ನ ಹೆಂಡತಿ. ಬ್ಯೂಲೋವ್ ವಾಗ್ನರನ ಶಿಷ್ಯ, ಅವನ ಸಂಗೀತವನ್ನು ನಡೆಸುತ್ತಿದ್ದವನು. 1865ರಲ್ಲಿ ಬ್ಯೂಲೋವ್ 'ಟ್ರಿಸ್ಟಾನ್' ತಾಲೀಮು ಶುರುಮಾಡಿದ ದಿನವೇ ಕೋಸಿಮಾಗೆ ಮಗಳು ಹುಟ್ಟಿದಳು. ಹೆಸರು ಇಸೋಲ್ಡಾ, ಒಪೆರಾದ ನಾಯಕಿಯ ಹೆಸರೇ. ಮಗು ವಾಗ್ನರನದು ಎಂದು ಎಲ್ಲರಿಗೂ ಗೊತ್ತು, ದಾಖಲೆಯಲ್ಲಿ ಬ್ಯೂಲೋವ್‌ನದು. ಈ ಚಿತ್ರ ಬಂದ ಮರುವರ್ಷ ಆ ಇಸೋಲ್ಡಾ ತಾನು ವಾಗ್ನರನ ಮಗಳು ಎಂದು ಒಪ್ಪಿಕೊಳ್ಳಿ ಎಂದು ತಾಯಿಯ ವಿರುದ್ಧವೇ ಕೋರ್ಟಿನಲ್ಲಿ ಹೋರಾಡಿ ಸೋತಳು. ತೆರೆಯ ಮೇಲಿನ ಗಂಭೀರ, ಹಣೆಗೆ ಕೈ ಹಚ್ಚಿದ ವಾಗ್ನರನನ್ನು ನೋಡುವಾಗ ನನಗೆ ಈ ಕೋರ್ಟ್ ಕೇಸೇ ನೆನಪಾಗುತ್ತಿತ್ತು. ಅವನು 1850ರಲ್ಲಿ ಯಹೂದಿ ಸಂಗೀತಗಾರರ ಬಗ್ಗೆ ಸುಳ್ಳು ಹೆಸರಿನಲ್ಲಿ ಬರೆದ ವಿಷದ ಲೇಖನವೂ ನೆನಪಾಗುತ್ತಿತ್ತು. ಪ್ಯಾರಿಸ್‌ನಲ್ಲಿ ಹಸಿದಿದ್ದಾಗ ಕೈಹಿಡಿದಿದ್ದ ಸಂಗೀತಗಾರ ಮೇಯರ್‌ಬೇರ್ ಯಹೂದಿ. ಲೇಖನದ ಒಂದು ಗುರಿಯೂ ಅವನೇ. ವಾಗ್ನರನ ಸಂಗೀತ ಕೇಳುವಾಗ ಇದನ್ನು ಕ್ಷಣ ಮರೆಯಬಹುದು. ಸಂಗೀತವೇ ಇಲ್ಲದ ವಾಗ್ನರ್ ಎದುರಿಗೆ ನಿಂತರೆ ಮರೆಯುವುದು ಕಷ್ಟ.

ಒಂದು ಪ್ರಯೋಗ ಮಾಡಿದೆ. ನಾನು ನೋಡಿದ ಪ್ರತಿಗೆ ಪಿಯಾನೋ ಇತ್ತು. ಅದನ್ನು ಮ್ಯೂಟ್ ಮಾಡಿ, ಮೊಬೈಲ್‌ನಲ್ಲಿ 'ಟ್ರಿಸ್ಟಾನ್' ಪೀಠಿಕೆ ಹಾಕಿದೆ. ಬೈರಾಯ್ಟ್‌ನವರು ಕೊಡದ ಸಂಗೀತವನ್ನು ನೂರು ವರ್ಷ ಕಳೆದ ಮೇಲೆ ನಾನೇ ಕೊಟ್ಟರೆ ಹೇಗೆ ಎಂಬ ಹುಡುಗಾಟ. ಚಿತ್ರ ಮುಳುಗಿಹೋಯಿತು! ಆ ಸಂಗೀತ ಒಂದು ಸ್ವರ ಎಳೆದು, ನಿಂತು, ಕಾದು, ಮತ್ತೆ ಏರುತ್ತದೆ. ತೆರೆಯ ಮೇಲೆ ಜನ ಸರಸರ ಬಂದು ಬಗ್ಗಿ ನಮಸ್ಕರಿಸಿ ಹೋಗುತ್ತಿದ್ದಾರೆ. ಗಂಭೀರ ಬೆಚ್ಚೆ ಒಮ್ಮೆಲೇ ಹಾಸ್ಯನಟನಾದ. ಮತ್ತೆ ಪಿಯಾನೋ ಹಾಕಿದಾಗ ಚಿತ್ರ ಉಸಿರಾಡಿತು. ವಾಗ್ನರ್ ಮನೆಯವರು ದುಡ್ಡಿನಾಸೆಗೋ ತಿರಸ್ಕಾರಕ್ಕೋ ಇಲ್ಲ ಅಂದದ್ದು ಚಿತ್ರದ ಪುಣ್ಯ ಎಂದೇ ನನಗನಿಸಿತು.

ಇನ್ನೊಂದು ವಿಚಾರ ಇದೆ. ಸಿನಿಮಾ ಥಿಯೇಟರ್ ಹೇಗಿರಬೇಕು ಎಂದು ಸಿನಿಮಾ ಹುಟ್ಟುವ ಮೊದಲೇ ಕಟ್ಟಿ ತೋರಿಸಿದವನು ವಾಗ್ನರ್. 1876ರಲ್ಲಿ ತೆರೆದ ಬೈರಾಯ್ಟ್ ರಂಗಮಂದಿರದಲ್ಲಿ ಶ್ರೀಮಂತರು ಒಬ್ಬರನ್ನೊಬ್ಬರು ನೋಡಿಕೊಳ್ಳುವ ಸುತ್ತುಬಾಲ್ಕನಿಗಳಿಲ್ಲ. ಎಲ್ಲ ಸೀಟುಗಳೂ ರಂಗದ ಕಡೆಗೇ ಮುಖ ಮಾಡಿವೆ. ಆಟ ಶುರುವಾದರೆ ಸಭಾಂಗಣದ ದೀಪ ಆರುತ್ತದೆ. ಆರ್ಕೆಸ್ಟ್ರಾ ರಂಗದ ಕೆಳಗಿನ ಹಳ್ಳದಲ್ಲಿ, ಮೇಲೆ ಮರದ ಮುಚ್ಚಿಗೆ. ಸಂಗೀತ ಎಲ್ಲಿಂದ ಬರುತ್ತಿದೆ ಎಂದು ಕಾಣುವುದೇ ಇಲ್ಲ. ಕತ್ತಲು, ಎದುರಿಗೆ ಬೆಳಗುವ ಚೌಕಟ್ಟು, ಕಾಣದ ಸಂಗೀತ. ಇವತ್ತಿಗೂ ನಾವು ಸಿನಿಮಾ ನೋಡುವುದು ಹೀಗೇ ಅಲ್ವಾ? ಆದರೆ ರಂಗದ ಮೇಲಿನ ಬಟ್ಟೆಬರೆ, ಬಣ್ಣ ಹಚ್ಚಿದ ಮುಖಗಳನ್ನು ನೋಡಿ ಅವನಿಗೇ ಬೇಸರ ಬಂದಿತ್ತು. ಕಾಣದ ಆರ್ಕೆಸ್ಟ್ರಾ ಮಾಡಿದ್ದಾಯಿತು, ಇನ್ನು ಕಾಣದ ರಂಗವನ್ನೂ ಕಂಡುಹಿಡಿಯಬೇಕು ಎಂದು ಒಮ್ಮೆ ತಮಾಷೆ ಮಾಡಿದ್ದನ್ನು ಕೋಸಿಮಾ ದಿನಚರಿಯಲ್ಲಿ ಬರೆದಿಟ್ಟಿದ್ದಾಳೆ. ಕಿವಿಗೆ ಬರೀ ಸಂಗೀತ, ಕಣ್ಣಿಗೆ ಏನೂ ಇಲ್ಲ, ಅದು ಅವನ ಕನಸು. 1913ರ ಚಿತ್ರ ಕೊಟ್ಟದ್ದು ಸರಿಯಾಗಿ ಅದರ ಉಲ್ಟಾ.

ಬೆಚ್ಚೆಗೆ ಈ ಪೇಚಾಟ ವ್ಯರ್ಥವಾಗಲಿಲ್ಲ. ಇದ್ದಬದ್ದ ತುಣುಕುಗಳನ್ನು ದೃಶ್ಯಕ್ಕೆ ತಕ್ಕಂತೆ ಹೊಲಿಯುವುದು ಮುಂದೆ ಅವನ ಕಸುಬೇ ಆಯಿತು. 1919ರಿಂದ 'ಕಿನೋಟೆಕ್' ಎಂಬ ಸ್ವರಲಿಪಿಯ ಪುಸ್ತಕಗಳನ್ನು ಹೊರತಂದ. ಬಿರುಗಾಳಿಗೆ ಒಂದು, ಬೆನ್ನಟ್ಟುವುದಕ್ಕೆ ಒಂದು, ರಾತ್ರಿಯ ಭಯಕ್ಕೆ ಒಂದು, ಹೀಗೆ ಭಾವಕ್ಕೆ ತಕ್ಕ ಚಿಕ್ಕ ರಚನೆಗಳು. ಪ್ರತಿ ವಾರ ಹೊಸ ಚಿತ್ರ ಬರುತ್ತಿತ್ತು, ತಾಲೀಮಿಗೆ ಸಮಯ ಇರುತ್ತಿರಲಿಲ್ಲ. ಅಂಥ ಥಿಯೇಟರ್ ಸಂಗೀತಗಾರರಿಗೆ ಇದು ದೊಡ್ಡ ಆಸರೆ. 1927ರಲ್ಲಿ ಹಾನ್ಸ್ ಎರ್ಡ್‌ಮನ್ ಮತ್ತು ಲುಡ್ವಿಗ್ ಬ್ರಾವ್ ಜೊತೆ ಸೇರಿ ಸಿನಿಮಾ ಸಂಗೀತದ ಒಂದು ದೊಡ್ಡ ಕೈಪಿಡಿಯನ್ನೇ ಮಾಡಿದ. ಅದರಲ್ಲಿ ಮೂರು ಸಾವಿರಕ್ಕೂ ಹೆಚ್ಚು ರಚನೆಗಳನ್ನು ಯಾವ ಸನ್ನಿವೇಶಕ್ಕೆ ಯಾವುದು ಎಂದು ವಿಂಗಡಿಸಿಟ್ಟಿದ್ದಾರೆ. ಇವತ್ತು ಧಾರಾವಾಹಿಗಳಲ್ಲಿ ಅತ್ತೆ ಬಾಗಿಲಲ್ಲಿ ಕಂಡ ಕೂಡಲೇ ಬರುವ ಢಣ್ ಎಂಬ ಸದ್ದಿನ ವಂಶವೃಕ್ಷ ಹುಡುಕುತ್ತಾ ಹೋದರೆ ಬೆಚ್ಚೆಯ ಹೆಸರು ಎಲ್ಲೋ ಒಂದು ಕಡೆ ಸಿಕ್ಕೀತು.

ಎರಡು ವರ್ಷದೊಳಗೆ ವಾಗ್ನರ್ ಕೂಡ ಸಿನಿಮಾಕ್ಕೆ ಬಂದ, ಬರಬಾರದ ರೀತಿಯಲ್ಲಿ. 1915ರಲ್ಲಿ ಅಮೆರಿಕದ ಗ್ರಿಫಿತ್‌ನ 'ದ ಬರ್ತ್ ಆಫ್ ಎ ನೇಷನ್' ಚಿತ್ರದಲ್ಲಿ ಕರಿಯರನ್ನು ದ್ವೇಷಿಸುವ ಕು ಕ್ಲಕ್ಸ್ ಕ್ಲಾನ್ ಗುಂಪಿನ ಬಿಳಿ ಮುಸುಕಿನ ಸವಾರರು ಕುದುರೆ ಓಡಿಸುವಾಗ ಆರ್ಕೆಸ್ಟ್ರಾ ನುಡಿಸಿದ್ದು ಅವನ 'ವಾಲ್ಕಿರಿ'ಯ ಸವಾರಿ ಸಂಗೀತ. ಅವನ ಬದುಕಿನ ಚಿತ್ರಕ್ಕೆ ಸಿಗದ ಗೌರವ ಜನಾಂಗದ್ವೇಷದ ಚಿತ್ರಕ್ಕೆ ಸಿಕ್ಕಿತು. 1850ರ ಆ ಲೇಖನ ಬರೆದವನಿಗೆ ಇದರಿಂದ ಬೇಸರವಾಗುತ್ತಿತ್ತೋ ಇಲ್ಲವೋ ಎಂದು ಯೋಚಿಸುತ್ತಾ ಕೂರಲು ನನಗೆ ಇಷ್ಟವಿಲ್ಲ.

ಬೆಚ್ಚೆ 1973ರವರೆಗೆ ಬದುಕಿದ್ದ, ಬರ್ಲಿನ್‌ನಲ್ಲೇ ತೀರಿಕೊಂಡ. ನಿರ್ದೇಶಕ ಮುರ್ನೌನ 1924ರ 'ದ ಲಾಸ್ಟ್ ಲಾಫ್' ಚಿತ್ರಕ್ಕೆ ಸಂಗೀತ ಬರೆದವನು ಅವನೇ. ಹೋಟೆಲ್ ಬಾಗಿಲು ಕಾಯುವ ಮುದುಕನ ಸಮವಸ್ತ್ರ ಕಿತ್ತುಕೊಂಡು, ಅವನನ್ನು ಶೌಚಾಲಯ ನೋಡಿಕೊಳ್ಳುವ ಕೆಲಸಕ್ಕೆ ಇಳಿಸುವ ಕಥೆ. ಅದರಲ್ಲಿ ನಡುವೆ ಬರುವ ಬರಹಗಳು ಹೆಚ್ಚೂಕಮ್ಮಿ ಇಲ್ಲವೇ ಇಲ್ಲ. ಮಾತಿನ ಕೆಲಸವನ್ನೆಲ್ಲ ನಟ ಎಮಿಲ್ ಯಾನಿಂಗ್ಸ್‌ನ ಮೈ, ಓಡಾಡುವ ಕ್ಯಾಮೆರಾ ಮತ್ತು ಬೆಚ್ಚೆಯ ಸಂಗೀತವೇ ಮಾಡಬೇಕು. ಮೂಕಿ ಚಿತ್ರ ನೋಡಿ ಅಭ್ಯಾಸವಿಲ್ಲದವರು ಮೊದಲು ಅದನ್ನು ನೋಡಿ. ಹಿಡಿಸಿದರೆ ಆಮೇಲೆ ವಾಗ್ನರ್ ಚಿತ್ರಕ್ಕೆ ಬನ್ನಿ, ಪೂರ್ತಿ ನೋಡುವ ತಾಳ್ಮೆ ಇಲ್ಲದಿದ್ದರೂ ಪರವಾಗಿಲ್ಲ. ಸಂಗೀತ ಹೊಂದಿಸಿಕೊಡಲು ಬಂದವನು ವಾಗ್ನರನ ಟೋಪಿ ಇಟ್ಟುಕೊಂಡು ಹೇಗೆ ಕಾಣುತ್ತಿದ್ದ ಎಂದು ನೋಡಲು ಹತ್ತು ನಿಮಿಷ ಸಾಕು.